ಗಾಲಿಕುರ್ಚಿಯಿಂದ ಕಂಡ ನೀಸ್: ಝಾನ್ ವಿಗೋನ ಮೂಕಿಚಿತ್ರದಲ್ಲಿ ದುಡಿಮೆ ಮತ್ತು ಬಿಡುವು

ಫ್ರಾನ್ಸಿನ ಮೆಡಿಟರೇನಿಯನ್ ತೀರದ ನೀಸ್ ನಗರವನ್ನು ಕುರಿತ ‘ಆ ಪ್ರೊಪೊ ದ ನೀಸ್’ 1930ರಲ್ಲಿ ತೆರೆಕಂಡ, ಸುಮಾರು 25 ನಿಮಿಷಗಳ ಮೂಕಿಚಿತ್ರ. ಝಾನ್ ವಿಗೋನ ಮೊದಲ ಕೃತಿ. ಕ್ಯಾಮೆರಾ ಹಿಡಿದವನು ಬೋರಿಸ್ ಕೌಫ್‌ಮನ್, ಸೋವಿಯತ್ ನಿರ್ದೇಶಕ ಝಿಗಾ ವೆರ್ಟೋವನ ತಮ್ಮ. ಇದನ್ನು ಸಿರಿವಂತರ ವಿಲಾಸದ ವಿಡಂಬನೆಯಾಗಿ ಓದುವುದು ರೂಢಿ. ಆ ಓದು ತಪ್ಪಲ್ಲ, ಆದರೆ ಸಾಲದು. ಈ ಚಿತ್ರದ ನಿತ್ಯಜೀವನ ಶುರುವಾಗುವುದು ದುಡಿಯುವ ಕೈಗಳಿಂದ ಎಂಬುದು ನನ್ನ ವಾದ.

ಆರಂಭದಲ್ಲಿ ಗೊಂಬೆ ಪ್ರವಾಸಿಗರು ಆಟಿಕೆ ರೈಲಿನಲ್ಲಿ ಬಂದಿಳಿಯುತ್ತಾರೆ. ಜೂಜಿನ ಮೇಜಿನ ಮೇಲೆ ಹಣ ಬಾಚುವ ಕೋಲು ಅವರನ್ನೂ ಬಾಚಿಬಿಡುತ್ತದೆ. ಆಮೇಲೆ ಬೀದಿ ಗುಡಿಸುವವರು, ಮೇಜು ಜೋಡಿಸುವ ಮಾಣಿಗಳು, ಕಾರ್ನಿವಲ್ಲಿನ ದೈತ್ಯ ಮುಖವಾಡಗಳಿಗೆ ಬಣ್ಣ ಬಳಿಯುವವರು. ಇವರ ಬೆಳಗು ಮುಗಿದ ಮೇಲಷ್ಟೇ ಅತಿಥಿಗಳ ಬೆಳಗು. ಮುಂದೆ ಬೂಟಿಗೆ ಪಾಲಿಶ್ ಹಾಕುತ್ತಿದ್ದವನು ಕಣ್ಣು ಮಿಟುಕಿಸುವಷ್ಟರಲ್ಲಿ ಬರಿಗಾಲನ್ನೇ ಉಜ್ಜುತ್ತಿರುತ್ತಾನೆ. ಗಿರಾಕಿಯ ಬೂಟು ಮಾಯವಾದರೂ ದುಡಿಮೆ ನಿಲ್ಲುವುದಿಲ್ಲ. ಇಡೀ ಚಿತ್ರದಲ್ಲಿ ನನ್ನನ್ನು ಅತಿಯಾಗಿ ಕಾಡುವ ಸಂಕಲನ ಇದು.

ಕಡಲ ದಂಡೆಯ ವಿಹಾರಪಥ ಪ್ರೊಮೆನಾದ್ ದೆಜಾಂಗ್ಲೆಯ ದೃಶ್ಯಗಳನ್ನು ತೆಗೆದ ಬಗೆ ಇನ್ನೂ ಗಮನಾರ್ಹ. ಕೌಫ್‌ಮನ್ ಗಾಲಿಕುರ್ಚಿಯಲ್ಲಿ ಕೂತು ಕ್ಯಾಮೆರಾವನ್ನು ಹೊದಿಕೆಯಡಿ ಮರೆಮಾಡಿದ. ವಿಗೋ ಕುರ್ಚಿಯನ್ನು ತಳ್ಳುತ್ತ ನಡೆದ. ತೂಕಡಿಸುವವರು, ಪತ್ರಿಕೆ ಓದುವವರು, ಸುಮ್ಮನೆ ಅಡ್ಡಾಡುವವರು ತಮ್ಮ ಪಾಡಿಗೆ ತಾವು ಸೆರೆಸಿಕ್ಕರು. ಯಾರಿಗೂ ಅನುಮಾನ ಬಾರದ್ದೇಕೆ? ಹತ್ತೊಂಬತ್ತನೆಯ ಶತಮಾನದಿಂದಲೂ ನೀಸ್ ರೋಗಿಗಳು ಚಳಿಗಾಲ ಕಳೆಯಲು ಬರುತ್ತಿದ್ದ ಊರು. ಅಲ್ಲಿ ಗಾಲಿಕುರ್ಚಿಯನ್ನು ಯಾರೂ ತಿರುಗಿ ನೋಡಿರಲಾರರು. ಕ್ಷಯರೋಗಿಯಾದ ವಿಗೋ ಈ ಊರಿಗೆ ಬಂದದ್ದೂ ಆರೋಗ್ಯ ಅರಸಿಯೇ. ಆದ್ದರಿಂದ ಈ ವೇಷವನ್ನು ಬರಿಯ ಉಪಾಯವೆನ್ನಲಾಗದು. ಊರು ತನಗೆ ಕೊಟ್ಟಿದ್ದ ಪಾತ್ರವನ್ನೇ ಆತ ನೋಟದ ನೆಲೆಯಾಗಿ ಮಾಡಿಕೊಂಡ. 1930ರ ಜೂನ್ 14ರಂದು ಪ್ಯಾರಿಸಿನ ವ್ಯೂ ಕೊಲೊಂಬಿಯೆ ರಂಗಮಂದಿರದಲ್ಲಿ ಮಾತಾಡುತ್ತ ಆತ ತನ್ನ ಚಿತ್ರವನ್ನು ‘ದಾಖಲೆಯುಳ್ಳ ದೃಷ್ಟಿಕೋನ’ವೆಂದು ಕರೆದ. ಆ ಮಾತಿನಲ್ಲಿ ದಾಖಲೆಯಷ್ಟೇ ತೂಕ ದೃಷ್ಟಿಕೋನಕ್ಕೂ ಇದೆ.

ಹಳೆಯ ಪೇಟೆಯಲ್ಲಿ ನೋಟ ಮೇಲಕ್ಕೇರುತ್ತದೆ. ಇಕ್ಕಟ್ಟಾದ ಓಣಿ, ಎರಡು ಗೋಡೆಗಳ ನಡುವೆ ಒಣಹಾಕಿದ ಬಟ್ಟೆ, ಅದರಾಚೆ ಒಂದು ಸೀಳು ಆಕಾಶ. ದಂಡೆಯಲ್ಲಿ ಧಾರಾಳವಾಗಿದ್ದ ಬಾನು ಇಲ್ಲಿ ಅಳೆದು ಕೊಟ್ಟಂತಿದೆ. ಕೊನೆಗೆ ಕಾರ್ಖಾನೆಯ ಚಿಮಣಿಗಳು, ಕುಲುಮೆಯ ಬಳಿ ನಗುವ ಕೂಲಿಗಳ ಮುಖಗಳು. ಆ ನಗು ಯಾವ ಅತಿಥಿಗಾಗಿಯೂ ಅಲ್ಲ.