ಅಶ್ವಮಾರಕ: ಕೋಲಾರ ಸೀಮೆಯ ವಿಷಸಸ್ಯಗಳು ಮತ್ತು ಕುದುರೆ

ಕರ್ನಾಟಕದ ಅಶ್ವಚರಿತ್ರೆಯನ್ನು ಯುದ್ಧ ಮತ್ತು ವ್ಯಾಪಾರಗಳ ನೆಲೆಯಿಂದ ವಿದ್ವಾಂಸರು ವಿವೇಚಿಸಿದ್ದಾರೆ. ಕುದುರೆಯ ಮೇವಿನ ಚರಿತ್ರೆ, ಅದರಲ್ಲಿಯೂ ಅದು ತಿನ್ನಬಾರದ ಗಿಡಗಳ ಚರಿತ್ರೆ, ಅಷ್ಟಾಗಿ ಗಮನ ಸೆಳೆದಿಲ್ಲ. ಬಂಗಾರಪೇಟೆ ಹಾಗೂ ಕೋಲಾರ ಚಿನ್ನದ ಗಣಿ ಪ್ರದೇಶವನ್ನು ಮುಂದಿಟ್ಟುಕೊಂಡು ಈ ವಿಷಯವನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಅಶ್ವಬಲಕ್ಕೆ ಹೆಸರಾದ ಹೈದರಾಲಿ ಜನಿಸಿದ್ದು ಬಂಗಾರಪೇಟೆ ತಾಲ್ಲೂಕಿನ ಬೂದಿಕೋಟೆಯಲ್ಲಿ. ಮುಂದೆ ಮೈಸೂರಿನ ಕಮಿಷನರ್ ಬೌರಿಂಗ್‌ನ ಹೆಸರಿನಿಂದ ಬೌರಿಂಗ್‌ಪೇಟೆ ಎನಿಸಿದ ಈ ಊರು ಗಣಿಗಳ ಹೆಬ್ಬಾಗಿಲಾಯಿತು. ಇಲ್ಲಿಂದ ಮಾರಿಕುಪ್ಪಂಗೆ ರೈಲುಮಾರ್ಗ ತೆರೆದದ್ದು 1894ರಲ್ಲಿ. ಅದಕ್ಕೆ ಮೊದಲು ಗಣಿಗಳ ಸಾಗಣೆಗೆ ಪ್ರಾಣಿಗಳ ಬಲವೇ ಆಧಾರವಾಗಿತ್ತು.

ಇಂತಹ ಸೀಮೆಯಲ್ಲಿ ಮೊದಲು ಪರಿಗಣಿಸಬೇಕಾದುದು ಕಣಗಿಲೆ. ಸಂಸ್ಕೃತದಲ್ಲಿ ಇದಕ್ಕೆ ಕರವೀರ, ಅಶ್ವಮಾರಕ ಎಂಬ ಹೆಸರುಗಳಿವೆ. ಅಮರಕೋಶವು ಹಯಮಾರಕ ಎಂಬ ಪರ್ಯಾಯವನ್ನು ನೀಡುತ್ತದೆ. ಇದು ಕೇವಲ ಅಲಂಕಾರದ ಮಾತಲ್ಲ. ಇದರ ಎಲೆ, ತೊಗಟೆ, ಬೇರುಗಳಲ್ಲಿರುವ ಒಲಿಯಾಂಡ್ರಿನ್ ಮೊದಲಾದ ವಿಷಗಳು ಹೃದಯದ ಬಡಿತವನ್ನು ಕೆಡಿಸುತ್ತವೆ. ಕಹಿಯ ಕಾರಣದಿಂದ ಹಸಿರೆಲೆಯನ್ನು ಜಾನುವಾರುಗಳು ಸಾಮಾನ್ಯವಾಗಿ ಮುಟ್ಟುವುದಿಲ್ಲ; ಆದುದರಿಂದಲೇ ಅದು ಬೇಲಿಗೆ ಒದಗಿತು. ಆದರೆ ಒಣಗಿದ ಎಲೆಯಲ್ಲಿಯೂ ವಿಷ ಉಳಿಯುತ್ತದೆ. ಲಾಯದಲ್ಲಿ ಕಟ್ಟಿದ ಕುದುರೆಗೆ ಕೊಯ್ದು ತಂದ ಹುಲ್ಲಿನಲ್ಲಿ ಅದು ಬೆರೆತರೆ ಅಪಾಯ ತಪ್ಪದು. ನುಂಗಿದುದನ್ನು ಕುದುರೆ ವಾಂತಿ ಮಾಡಲಾರದು.

ಎರಡನೆಯದು ಹರಳು. ರಾಗಿ ಹೊಲದ ಅಕ್ಕಡಿ ಸಾಲುಗಳಲ್ಲಿ ಬೆಳೆಯುವ ಇದರ ಬೀಜದಲ್ಲಿ ರಿಸಿನ್ ಎಂಬ ಉಗ್ರ ವಿಷವಿದ್ದು, ಕುದುರೆ ಅದಕ್ಕೆ ಬೇಗ ಬಲಿಯಾಗುತ್ತದೆ. ಮೂರನೆಯದಾದ ಜೋಳದ ವಿಚಾರ ಬೇರೆ. ಮಳೆಯಿಲ್ಲದೆ ಕುಗ್ಗಿದ ಎಳೆಯ ಪೈರನ್ನು ಮೇದಾಗ ಹೈಡ್ರೋಸಯನಿಕ್ ಆಮ್ಲ ಬಿಡುಗಡೆಯಾಗುತ್ತದೆ. ಗಣಿಗಳಲ್ಲಿ ಅದಿರಿನಿಂದ ಚಿನ್ನವನ್ನು ಬೇರ್ಪಡಿಸಲು ಬಳಸುತ್ತಿದ್ದ ಸೈನೈಡ್ ಇದೇ ಕುಲದ ವಿಷ. ಮೆಲುಕು ಹಾಕುವ ದನಗಳು ಇದರಿಂದ ಶೀಘ್ರವಾಗಿ ಸಾಯುತ್ತವೆ. ಕುದುರೆಯಲ್ಲಾದರೋ, ಬಹುಕಾಲ ಮೇದರೆ ಮೂತ್ರಕೋಶದ ಉರಿಯೂತವೂ ಹಿಂಗಾಲುಗಳ ತೂರಾಟವೂ ಕಾಣಿಸಿಕೊಳ್ಳುತ್ತವೆ. ದನ ಸಾಕುವವನ ಅನುಭವ ಕುದುರೆ ಸಾಕುವವನಿಗೆ ಸಾಲದು ಎಂಬುದಕ್ಕೆ ಇದು ನಿದರ್ಶನ.

ಈ ಪ್ರತ್ಯೇಕ ತಿಳಿವಳಿಕೆಯ ಅಗತ್ಯವನ್ನು ಕನ್ನಡದ ಶಾಸ್ತ್ರಕಾರರು ಅರಿತಿದ್ದರು. 14ನೆಯ ಶತಮಾನದ ಮಂಗರಾಜನ ‘ಖಗೇಂದ್ರಮಣಿದರ್ಪಣ’ ವಿಷವೈದ್ಯಕ್ಕೆ ಮೀಸಲಾದ ಗ್ರಂಥ. ಸುಮಾರು 1400ರ ಅಭಿನವಚಂದ್ರ ಅಶ್ವವೈದ್ಯವನ್ನೇ ವಸ್ತುವಾಗಿಸಿಕೊಂಡನು. ಗೋವೈದ್ಯದ ಜೊತೆಗೆ ಅಶ್ವವೈದ್ಯವೂ ಕನ್ನಡದಲ್ಲಿ ಬೇರೆಯೇ ಶಾಸ್ತ್ರವಾಗಿ ಬೆಳೆದುದು ಗಮನಾರ್ಹ.

ಆದರೆ ಗ್ರಂಥಕ್ಕಿಂತ ಹೆಚ್ಚಾಗಿ ಈ ಅರಿವು ಹುಲ್ಲು ಕೊಯ್ಯುವವರ, ಲಾಯ ನೋಡಿಕೊಳ್ಳುವವರ, ಜಟಕಾ ಹೊಡೆಯುವವರ ಕೈಯಲ್ಲಿತ್ತು. ಸಂಸ್ಕೃತದ ಹೆಸರಿನಲ್ಲಿರುವ ಎಚ್ಚರಿಕೆ ‘ಕಣಗಿಲೆ’ ಎಂಬ ಕನ್ನಡದ ಹೆಸರಿನಲ್ಲಿ ಕಾಣದು. ಅದು ರೂಢಿಯಲ್ಲಿಯೇ ಉಳಿಯಬೇಕಾಗಿತ್ತು. ಮೋಟಾರು ಬಂದು ಕುದುರೆ ಹಿಂದೆ ಸರಿದಂತೆ ಆ ರೂಢಿಯೂ ಸಡಿಲಿತು. 2001ರ ಫೆಬ್ರವರಿ 28ರಂದು ಗಣಿಗಳೂ ಮುಚ್ಚಿದವು. ಕಣಗಿಲೆ ಮಾತ್ರ ಉದ್ಯಾನಗಳಲ್ಲಿ, ಹೆದ್ದಾರಿಗಳ ನಡುವಣ ಪಟ್ಟಿಗಳಲ್ಲಿ ಮೊದಲಿಗಿಂತ ಹೆಚ್ಚಾಗಿ ಹೂಬಿಡುತ್ತಿದೆ. ಕತ್ತರಿಸಿ ಎಸೆದ ಅದರ ರೆಂಬೆ ಇಂದಿಗೂ ಅಶ್ವಮಾರಕವೇ. ಗಣಿಯ ದಾಖಲೆಗಳನ್ನು ಸಂಗ್ರಹಿಸುವಷ್ಟೇ ಕಾಳಜಿಯಿಂದ ಹಿರಿಯರಲ್ಲಿ ಉಳಿದಿರುವ ಈ ಮೇವಿನ ಅರಿವನ್ನೂ ದಾಖಲಿಸಿದಲ್ಲಿ ಕೋಲಾರದ ಪ್ರಾದೇಶಿಕ ಚರಿತ್ರೆ ಇನ್ನಷ್ಟು ಪೂರ್ಣಗೊಳ್ಳುತ್ತದೆ.