ಪಾಸ್‌ಪೋರ್ಟ್: ಶುಲ್ಕ ಒಂದು, ಖರ್ಚು ಹಲವು

ಹಿಂದೆ ಹಜ್ ಸಮಿತಿಯ ಮೂಲಕ ಹೋಗುವವರಿಗೆ ಪಿಲ್‌ಗ್ರಿಮ್ ಪಾಸ್ ಸಾಕಾಗುತ್ತಿತ್ತು. 2009ರಲ್ಲಿ ಸೌದಿ ಸರ್ಕಾರ ಪಾಸ್‌ಪೋರ್ಟ್ ಕಡ್ಡಾಯಗೊಳಿಸಿತು. ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿಯ ಹಿರಿಯರೂ ಅರ್ಜಿ ಹಾಕಬೇಕಾಯಿತು. ಆಗ ಶುಲ್ಕ 1,000 ರೂಪಾಯಿ. 2012ರ ಅಕ್ಟೋಬರ್‌ನಿಂದ 1,500.

ಶುಲ್ಕ ದೇಶಕ್ಕೆಲ್ಲ ಒಂದೇ, ದಾರಿ ಒಂದೇ ಅಲ್ಲ. ಹುಬ್ಬಳ್ಳಿಯಲ್ಲಿ ಸೇವಾ ಕೇಂದ್ರ ತೆರೆದ ಮೇಲೂ ಬಸ್ ಚಾರ್ಜು, ಊಟ, ದಿನಗೂಲಿಯ ನಷ್ಟ ಬೇರೆ. ಹೆಸರಿನಲ್ಲಿ ಅಕ್ಷರ ತಪ್ಪಿದರೆ ಮತ್ತೆ ಅದೇ ಪ್ರಯಾಣ. 2017ರಲ್ಲಿ ಆರಂಭವಾದ ಅಂಚೆ ಕಚೇರಿ ಪಾಸ್‌ಪೋರ್ಟ್ ಯೋಜನೆ ಮುಂದೆ ವಿಜಯಪುರಕ್ಕೂ ಬಂದು ಈ ಹೊರೆ ಇಳಿಸಿತು.

ವಿದ್ಯಾರ್ಥಿ ಮಿತ್ರರೇ, ಶಾಲಾ ದಾಖಲೆಯ ಹೆಸರು, ಜನ್ಮದಿನಾಂಕವನ್ನು ಇಂದೇ ನೋಡಿ ಸರಿಪಡಿಸಿಕೊಳ್ಳಿ. ಎರಡನೆಯ ಪ್ರಯಾಣದ ಖರ್ಚು ಮನೆಯವರಿಗೆ ಉಳಿಯುತ್ತದೆ.