‘ಮಂಥನ್’ ಚಿತ್ರದ ಸಂಕಲನಕಾರ

ಸೂರತ್ತಿನ ವರಾಛಾದಲ್ಲಿ ನೆಲೆಸಿರುವ ಕನ್ನಡಿಗರಾದ ನಾವು ವಜ್ರಕ್ಕೆ ಸಾಣೆ ಹಿಡಿಯುವವರನ್ನು ದಿನವೂ ಕಾಣುತ್ತೇವೆ. ಉಂಗುರ ತೊಟ್ಟವರಿಗೆ ಅವರ ಹೆಸರು ತಿಳಿಯದು. ಚಲನಚಿತ್ರದ ಸಂಕಲನಕಾರನ ಪಾಡೂ ಇದೇ. ಗುಜರಾತಿಗೂ ಕನ್ನಡಿಗರಿಗೂ ನಂಟು ಬೆಸೆದ ಚಿತ್ರವೊಂದನ್ನು ಸಂಕಲಿಸಿದ ಭಾನುದಾಸ ದಿವಾಕರರನ್ನು ಈ ರಾಜ್ಯೋತ್ಸವದ ಸಂದರ್ಭದಲ್ಲಿ ಸ್ಮರಿಸುವುದು ಉಚಿತವೆಂದು ಭಾವಿಸುತ್ತೇವೆ.

ಆ ಚಿತ್ರವೇ 1976ರ ‘ಮಂಥನ್’. 1946ರಲ್ಲಿ ಖೇಡಾ ಜಿಲ್ಲೆಯಲ್ಲಿ ಮೊದಲಾದ ಹಾಲಿನ ಸಹಕಾರ ಚಳವಳಿಯನ್ನು ಕುರಿತು ಶ್ಯಾಮ ಬೆನೆಗಲ್ಲರು ಮೊದಲು ಸಾಕ್ಷ್ಯಚಿತ್ರ ತೆಗೆದಿದ್ದರು. ಅದರಿಂದಲೇ ಈ ಕಥಾಚಿತ್ರ ಮೂಡಿತು. ಗುಜರಾತಿನ ಐದು ಲಕ್ಷ ರೈತರು ತಲಾ 2 ರೂಪಾಯಿ ಕೊಟ್ಟು ಇದರ ನಿರ್ಮಾಪಕರಾದರು. ಹಳ್ಳಿಗೆ ಬರುವ ಪಶುವೈದ್ಯ ಡಾಕ್ಟರ್ ರಾವ್ ಆಗಿ ನಮ್ಮ ಗಿರೀಶ ಕಾರ್ನಾಡರು ನಟಿಸಿದರು, ಅನಂತನಾಗರೂ ಜೊತೆಗಿದ್ದರು.

ಅಂದಿನ ಸಂಕಲನವೆಂದರೆ ಕೈಕೆಲಸ. ಸೆಕೆಂಡಿಗೆ 24 ಚಿತ್ರಗಳಂತೆ ನಿಮಿಷಕ್ಕೆ 90 ಅಡಿ ಫಿಲ್ಮ್ ಓಡುತ್ತದೆ. 134 ನಿಮಿಷದ ಈ ಚಿತ್ರಕ್ಕೆ ಸುಮಾರು 12,000 ಅಡಿ ಬೇಕು. ಚಿತ್ರೀಕರಿಸಿದ್ದು ಅದಕ್ಕಿಂತಲೂ ಹೆಚ್ಚು. ಮೊದಲು ಪ್ರತಿಯನ್ನು ಕತ್ತರಿಸಿ, ಅಂಟಿಸಿ, ಬೇರೆಯಾಗಿರುವ ಧ್ವನಿಯ ಪಟ್ಟಿಯೊಡನೆ ಹೊಂದಿಸಬೇಕು. ಎಲ್ಲವೂ ನಿಶ್ಚಯವಾದ ಮೇಲೆಯೇ ಮೂಲ ನೆಗೆಟಿವ್‌ಗೆ ಕತ್ತರಿ. ಅಲ್ಲಿ ತಪ್ಪಿದರೆ ತಿದ್ದುವಂತಿಲ್ಲ. ಬಡವರು ಕೊಟ್ಟ ಹಣದ ಚಿತ್ರವೆಂದ ಮೇಲೆ ಆ ಕತ್ತರಿಯ ಹೊಣೆ ಎಷ್ಟೆಂಬುದನ್ನು ವಾಚಕರೇ ಊಹಿಸಬಹುದು.

‘ಅಂಕುರ್’ (1974), ‘ನಿಶಾಂತ್’ (1975), ‘ಭೂಮಿಕಾ’ (1977), ‘ಜುನೂನ್’ (1978) — ಬೆನೆಗಲ್ಲರ ಈ ಚಿತ್ರಗಳಲ್ಲಿಯೂ ದಿವಾಕರರ ಕೈವಾಡವಿದೆ. ನಟರ ಹೆಸರು ಮನೆಮಾತಾಯಿತು; ಸಂಕಲನಕಾರರ ಹೆಸರು ಶೀರ್ಷಿಕೆಗಳಲ್ಲಿ ಕ್ಷಣಕಾಲ ಮಿಂಚಿ ಮರೆಯಾಯಿತು.

ಚಿತ್ರ ಮಾತ್ರ ಊರೂರು ಸುತ್ತಿತು. ಇತರ ಪ್ರಾಂತಗಳ ಹಳ್ಳಿಗಳಿಗೂ ಇದರ ಪ್ರತಿಗಳನ್ನು ಒಯ್ದು, ಸಹಕಾರದ ತತ್ತ್ವವನ್ನು ರೈತರಿಗೆ ತಿಳಿಸಲಾಯಿತು. ಆಣಂದದ ಮಾದರಿಯನ್ನೇ ಅನುಸರಿಸಿದ ನಮ್ಮ ನಾಡಿನ ಹಾಲು ಒಕ್ಕೂಟಗಳು ‘ನಂದಿನಿ’ಯನ್ನು ಮನೆಮನೆಗೆ ತಲಪಿಸಿವೆ.

2024ರಲ್ಲಿ ಜೀರ್ಣೋದ್ಧಾರಗೊಂಡ ‘ಮಂಥನ್’ ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ಪ್ರದರ್ಶಿತವಾಯಿತು. ಅರ್ಧ ಶತಮಾನದ ಹಿಂದಿನ ನೆಗೆಟಿವ್‌ನಿಂದಲೇ ಅದಕ್ಕೆ ಮರುಜೀವ ಬಂದಿತು. ಕತೆಯ ಕೊನೆಗೆ ಡಾಕ್ಟರ್ ರಾವ್ ಊರು ಬಿಡುತ್ತಾರೆ, ಸಂಘ ಉಳಿಯುತ್ತದೆ. ಸಂಕಲನಕಾರನೂ ಹಾಗೆಯೇ: ತಾನು ಮರೆಯಾಗಿ ಕೆಲಸವನ್ನು ಉಳಿಸುತ್ತಾನೆ. ಪರನಾಡಿನಲ್ಲಿ ದುಡಿಯುವ ನಮಗೆ ಇದಕ್ಕಿಂತ ಹಿರಿಯ ಆದರ್ಶ ಬೇಕೆ? ಆದರೂ, ಮುಂದೆ ಚಿತ್ರ ನೋಡುವಾಗ ಸಂಕಲನಕಾರರ ಹೆಸರು ಬರುವವರೆಗಾದರೂ ಕಾದಿದ್ದು ಓದಿಕೊಳ್ಳೋಣ.